ಚಿಟಿಕೆಯ ಪಾಳೇಗಾರ

ಅಂಟಿಸಿದ ಮೀಸೆ ಬೆವರಿಗೆ ಜಾರುತ್ತದೆ, ಗೆಳೆಯರೇ. ನಮ್ಮ ಹನುಮಂತರಾಯ ಮಾವನದು ಸ್ವಂತದ್ದು, ಹುರಿಗೊಳಿಸಿದ್ದು. ಅದನ್ನು ಕಂಡೇ ನನ್ನ ಗೆಳೆಯ ರಾಮಾಂಜಿ ಹಿಂದೂಪುರದಿಂದ ಕಲ್ಯಾಣದುರ್ಗಕ್ಕೆ ಬಸ್ಸು ಹತ್ತಿ ಬಂದು, ತಾನು ಮೊಬೈಲಿನಲ್ಲಿ ತೆಗೆಯಲಿದ್ದ ಸಿನಿಮಾದಲ್ಲಿ ಪಾಳೇಗಾರನಾಗಲು ಮಾವನನ್ನು ಒಪ್ಪಿಸಿದ್ದ.

ಕಥೆ ಕಂಬಳಿ ಮಾರಪ್ಪನದು. ಮಂದೆಯ ಟಗರುಗಳನ್ನೆಲ್ಲ ಕೋಟೆಗೆ ಹೊಡೆದುಕೊಂಡು ಬಾ ಎಂದ ಪಾಳೇಗಾರನಿಗೆ ಒಲ್ಲೆನೆಂದ ಕುರಿಗಾಹಿ. ಆದರೆ ಒಲ್ಲೆನೆಂದದ್ದು ಯಾವ ಭಾಷೆಯಲ್ಲಿ? ಕುಂದುರ್ಪಿ ಕಡೆಯವರು ಕನ್ನಡವೆಂದರು, ಹಿಂದೂಪುರದವರು ತೆಲುಗೆಂದರು. ದಿನವೂ ಎರಡನ್ನೂ ಒಂದೇ ತಟ್ಟೆಯಲ್ಲಿ ಕಲಸಿ ಉಣ್ಣುವ ಗಡಿನಾಡಿನ ನಾವು ವೀರನ ವಿಷಯಕ್ಕೆ ಬಂದಾಗ ಮಹಾ ಮಡಿವಂತರಾದೆವು. ಜಗಳಕ್ಕೆ ಬೇಸತ್ತ ರಾಮಾಂಜಿ ಮೂಕಿ ಚಿತ್ರವನ್ನೇ ತೆಗೆದುಬಿಟ್ಟ.

ಮಾವನಿಗೆ ನಟನೆ ಕಲಿಸುವ ಪ್ರಮೇಯವೇ ಬರಲಿಲ್ಲ. ಮನೆಯಲ್ಲೂ ಆತ ಮಂಚದ ಮೇಲೆ ಕೂತು ಚಿಟಿಕೆ ಹೊಡೆದರೆ ನೀರು, ಮತ್ತೊಮ್ಮೆ ಹೊಡೆದರೆ ಎಲೆಅಡಿಕೆ. ಗಂಗಮ್ಮತ್ತೆ ಮದುವೆಯಾದಂದಿನಿಂದ ಆ ಸದ್ದಿಗೇ ಓಡಾಡಿದವಳು. ಕ್ಯಾಮೆರಾದೆದುರೂ ಮಾವ ಅದನ್ನೇ ಮಾಡಿದ.

ಒಂದು ಭಾನುವಾರ ಮಧ್ಯಾಹ್ನ ಕಲ್ಯಾಣಮಂಟಪವೊಂದರಲ್ಲಿ ಪ್ರದರ್ಶನ. ಪರದೆ ಬಾಯಿ ಮುಚ್ಚಿಕೊಂಡಿದ್ದರಿಂದ ನೋಡುವವರ ಬಾಯಿ ತೆರೆಯಿತು. ಮಾರಪ್ಪನ ಪರವಾಗಿ ಎರಡೂ ಭಾಷೆಗಳಲ್ಲಿ ಮಾತುಗಳು ಹಾರಾಡಿದವು. ಕೊನೆಗೆ ಪಾಳೇಗಾರ ಮಂಚದ ಮೇಲಿಂದ ಟಗರಿನತ್ತ ಕೈ ತೋರಿಸಿ ಚಿಟಿಕೆ ಹೊಡೆದಾಗ ಮಾತ್ರ ಮಂಟಪವೆಲ್ಲ ಉಸಿರು ಬಿಗಿಹಿಡಿಯಿತು. ಆಗ ಹೆಂಗಸರ ಸಾಲಿನಿಂದ, ನಾಲ್ಕು ಜನರೆದುರು ಎಂದೂ ದನಿಯೆತ್ತದ ಗಂಗಮ್ಮತ್ತೆಯ ಮಾತು ಕೇಳಿಸಿತು.

"ಸುಮ್ಕೆ ಚಿಟ್ಕೆ ಹೊಡೀಬ್ಯಾಡ ಕಣಪ್ಪ. ಏನ್ ಬೇಕೋ ಬಾಯ್ಬಿಟ್ಟು ಕೇಳು."

ನಗು ಮೊದಲು ಹೆಂಗಸರ ಕಡೆಯಿಂದ ಎದ್ದಿತು, ಆಮೇಲೆ ಎಲ್ಲ ಕಡೆಯಿಂದ. ಪಕ್ಕದಲ್ಲಿದ್ದ ಮಾವನ ಮುಖ ನೋಡುವ ಧೈರ್ಯ ನನಗಾಗಲಿಲ್ಲ. ಆತ ಸಿಡುಕಿನ ಮನುಷ್ಯ. ಮನೆಯಲ್ಲಿ ಏನು ಗ್ರಹಚಾರ ಕಾದಿದೆಯೋ ಎಂದು ಹೆದರಿ, ನನ್ನೂರಿಗೆ ಹೋಗುವುದನ್ನು ಬಿಟ್ಟು ಅವರಲ್ಲಿಯೇ ಉಳಿದೆ.

ಮರುದಿನ ಬೆಳಿಗ್ಗೆ ಮಾವ ಮಂಚದ ಮೇಲೆ ಕೂತ. ಬೆರಳು ಮೇಲೆದ್ದಿತು, ಹಾಗೆಯೇ ನಿಂತಿತು. ಅತ್ತೆ ಜಗುಲಿಯಲ್ಲಿ ಕಡಲೆಕಾಯಿ ಸುಲಿಯುತ್ತಿದ್ದವಳು ತಲೆಯೆತ್ತಲಿಲ್ಲ. ಮಾವ ಗಂಟಲು ಸರಿಮಾಡಿಕೊಂಡ. ಆತ ಹೆಂಡತಿಯ ಹೆಸರು ಹಿಡಿದು ಕರೆದದ್ದನ್ನು ನಾನು ಕೇಳಿದ್ದು ಅದೇ ಮೊದಲು.

"ಗಂಗಮ್ಮಾ, ನೀರು ಬೇಕಾಗಿತ್ತು."

ಅತ್ತೆ ಕೈಯಲ್ಲಿದ್ದ ಕಾಯಿಯನ್ನು ನಿಧಾನವಾಗಿ ಸುಲಿದು ಮುಗಿಸಿದಳು.

"ನಂಗೂ ಬೇಕಾಗಿತ್ತು. ಒಳಕ್ಕೆ ಹೋದ್ರೆ ಎರಡು ಲೋಟ ತಕ್ಕಂಡ್ ಬಾ."