ಆಶ್ರಿತಾಳ ಇಪ್ಪತ್ತು ನಿಮಿಷ

ಆಶ್ರಿತಾ ಅಂದರೆ ನಮ್ಮ ಬರ್ಮಿಂಗ್‌ಹ್ಯಾಮ್ ಕನ್ನಡಿಗರಿಗೆ ಒಂದೇ ತಮಾಷೆ: ಡಾಕ್ಟರ ಮಗಳು, ಟಿವಿಯಲ್ಲಿ ನರ್ಸು. ನಾನೂ ನಕ್ಕವಳೇ, ಸುಳ್ಳೇಕೆ ಹೇಳಲಿ. ಹದಿನೆಂಟು ವರ್ಷ ನಟಿಸಿದರೂ ಅವಳಿಗೆ ಸಿಕ್ಕಿದ್ದು ನರ್ಸು, ರಿಸೆಪ್ಷನಿಸ್ಟು, ಒಂದು ಸಲ ಹೆಣ. ಅವಳೇ ಬರೆದ ಎರಡು ನಾಟಕ ಮ್ಯಾಂಚೆಸ್ಟರಿನ ಪಬ್ಬೊಂದರ ಮಹಡಿಯ ಮೇಲೆ ಆದವು. ಐವತ್ತು ಸೀಟು, ಅರ್ಧ ಖಾಲಿ. ಲೀಡ್ಸ್‌ನಲ್ಲಿ ಬಾಡಿಗೆ ಕೋಣೆ ಹಿಡಿದು ಚಿತ್ರ ಬರೆಯುತ್ತಿದ್ದಳು. ಅವುಗಳಲ್ಲಿ ಮನುಷ್ಯರೇ ಇಲ್ಲ. ಅಪ್ಪನ ಕ್ಲಿನಿಕ್ಕಿನಲ್ಲಿ ರೋಗಿಗಳು ಕಾಯುತ್ತಿದ್ದ ಪ್ಲಾಸ್ಟಿಕ್ ಕುರ್ಚಿಗಳು, ಅಷ್ಟೇ.

ಅಪ್ಪ ಡಾಕ್ಟರ್ ರಾಜಶೇಖರ, ದಾವಣಗೆರೆಯವರು. ಮೂವತ್ತೈದು ವರ್ಷ ಇಲ್ಲೇ ಜಿಪಿ, ಅಂದರೆ ಫ್ಯಾಮಿಲಿ ಡಾಕ್ಟರು, ಆಗಿದ್ದರು. ಮಗಳ ಒಂದು ನಾಟಕಕ್ಕೂ ಹೋಗಲಿಲ್ಲ. "ಹವ್ಯಾಸ ಇರ್ಲಿ ಕಣಮ್ಮಾ, ಕೆಲಸ ಯಾವ್ದು?" ಎಂದು ಕನ್ನಡದಲ್ಲಿ ಕೇಳುವರು, ಅವಳು ಇಂಗ್ಲಿಷಿನಲ್ಲಿ ಉರಿದು ಬೀಳುವಳು. ತಾಯಿ ಚಂದ್ರಪ್ರಭಾ ನನ್ನ ಗೆಳತಿ. ಇದ್ದಷ್ಟು ದಿನ ಇಬ್ಬರ ನಡುವೆ ನಿಂತು ಸಂಭಾಳಿಸಿದಳು.

ಚಂದ್ರಪ್ರಭಾ ತೀರಿಕೊಂಡ ಎರಡನೇ ವರ್ಷ ಡಾಕ್ಟರಿಗೆ ಸ್ಟ್ರೋಕ್ ಆಯಿತು. ಚೇತರಿಸಿಕೊಂಡಾಗ ಇಂಗ್ಲಿಷ್ ಪೂರ್ತಿ ಹೋಗಿ ಕನ್ನಡವೊಂದೇ ಉಳಿದಿತ್ತು. ಕೇರ್ ಹೋಮಿನಲ್ಲಿ "ನೀರು, ನೀರು" ಎಂದರೆ ತಿಳಿಯುವವರಿಲ್ಲ. ಅಪ್ಪ ಅಂದದ್ದು ಮಗಳಿಗೆ ಅರ್ಥವಾಗುತ್ತಿತ್ತು, ಅವಳು ಇಂಗ್ಲಿಷಿನಲ್ಲಿ ಅಂದದ್ದು ಅವರಿಗೆ ಆಗುತ್ತಿರಲಿಲ್ಲ. ಅಯ್ಯೋ, ಆ ಹಿಂಸೆ ಶತ್ರುವಿಗೂ ಬೇಡ.

ಒಂದು ದಿನ ಅವಳ ಫೋನ್ ಬಂತು. ಅಪ್ಪನಿಗೋಸ್ಕರ ಕನ್ನಡದಲ್ಲಿ ನಾಟಕ ಬರೆದು ತಾನೇ ಆಡಬೇಕಂತೆ, ನಾನು ಕಲಿಸಬೇಕಂತೆ. ಹತ್ತು ತಿಂಗಳು ವಿಡಿಯೋ ಕಾಲ್‌ನಲ್ಲಿ ಕಲಿತಳು. ಅಲ್ಲಿಯವರೆಗೆ ಅವರೆದುರು ಒಂದು ಪದವನ್ನೂ ಆಡಲಿಲ್ಲ, ತೊದಲಿದರೆ ನಗುತ್ತಾರೆಂದು ಹಟ. ಅಪ್ಪನ ಮಗಳೇ! ನಾಟಕದಲ್ಲಿ, ಶಾಲೆ ಮುಗಿಸಿಕೊಂಡು ಬಂದ ಹುಡುಗಿ ಅಪ್ಪನ ಕ್ಲಿನಿಕ್ಕಿನಲ್ಲಿ ಕಾಯುತ್ತಾಳೆ, ಕೊನೆಯ ರೋಗಿ ಹೋದರೂ ಅವಳನ್ನು ಒಳಗೆ ಕರೆಯುವುದಿಲ್ಲ. ಇಪ್ಪತ್ತು ನಿಮಿಷ, ಅಷ್ಟೇ.

"ಆಂಟಿ, ಡ್ಯಾಡ್‌ಗೆ ಮರೆವು ಜಾಸ್ತಿ ಆಗ್ತಿದೆ. ನಾನು ಯಾರು ಅಂತ ಗೊತ್ತಿರೋವಾಗ್ಲೇ ಇದನ್ನ ಅವ್ರು ಕೇಳ್ಬೇಕು," ಎಂದಳು.

ಟಿವಿಡೇಲ್ ಹತ್ತಿರದ ಶಾಲೆಯೊಂದರ ಹಾಲ್‌ನಲ್ಲಿ ನಮ್ಮ ಸಂಘದ ರಾಜ್ಯೋತ್ಸವ. ನಾನು ಕಾರ್ಯದರ್ಶಿ, ನಿರೂಪಣೆಯೂ ನನ್ನದೇ. ಮೂರೂವರೆಗೆ ನಾಟಕ ಇಟ್ಟಿದ್ದೆ. ಐದಕ್ಕೆ ಡಾಕ್ಟರನ್ನು ಕೇರ್ ಹೋಮಿಗೆ ಕರೆದೊಯ್ಯಲು ವ್ಯಾನ್ ಬರುವುದಿತ್ತು. ಆದರೆ ನಮ್ಮವರ ಸನ್ಮಾನದ ಹುಚ್ಚು ಕೇಳಬೇಕೆ! ಶಾಲು, ಹಾರ, ಮೈಸೂರು ಪೇಟ, ಫೋಟೋ. ಪ್ರತಿಯೊಬ್ಬರೂ "ಎರಡೇ ಎರಡು ಮಾತು" ಎಂದು ಮೈಕ್ ಹಿಡಿದರೆ ಬಿಡುವ ಮಾತೇ ಇಲ್ಲ. ನಾಲ್ಕು ಗಂಟೆಗೆ ಅಧ್ಯಕ್ಷರು, ದತ್ತಾತ್ರೇಯ, ಬಂದು ಕಿವಿಯಲ್ಲಿ, "ಜಲಜಾ ಅವ್ರೇ, ಇನ್ನಿಬ್ರು ಪ್ರಾಯೋಜಕರ ಸನ್ಮಾನ ಬಿಟ್ಟೋಗಿದೆ, ಬೇಜಾರು ಮಾಡ್ಕೋತಾರೆ" ಎಂದರು. ಆಗಲ್ಲ ಎನ್ನಬೇಕಿತ್ತು. ಹಾಳು ದಾಕ್ಷಿಣ್ಯ! ಆ ಹೆಸರುಗಳನ್ನು ನನ್ನ ಬಾಯಿಂದಲೇ ಕರೆದೆ.

ಅವರ ಮಾತು ಇನ್ನೂ ಮುಗಿದಿರಲಿಲ್ಲ, ಐದಕ್ಕೆ ಸರಿಯಾಗಿ ವ್ಯಾನಿನ ಡ್ರೈವರ್ ಬಂದ. ಇನ್ನೂ ಮೂರು ಮನೆಗೆ ಹೋಗಬೇಕು, ಕಾಯಲಾರೆ ಎಂದ. ಡಾಕ್ಟರ ಗಾಲಿಕುರ್ಚಿ ಹೊರಗೆ ಹೋಗುವಾಗ ಪರದೆಯ ಪಕ್ಕದಲ್ಲಿ ಆಶ್ರಿತಾ ಸ್ಕೂಲ್ ಯೂನಿಫಾರ್ಮ್ ತೊಟ್ಟು, ಎರಡು ಜಡೆ ಹಾಕಿಕೊಂಡು ನಿಂತಿದ್ದಳು. ನನ್ನ ಮುಖವನ್ನೊಮ್ಮೆ ನೋಡಿದಳು. ಸಾಮಾನು ಕಟ್ಟಿಕೊಂಡು ಲೀಡ್ಸ್‌ಗೆ ಹೊರಟುಹೋದಳು. ನಾವೆಲ್ಲ ಬಿಸಿಬೇಳೆಬಾತ್ ತಿಂದೆವು.

ಮತ್ತೆ ಅವಳಿಗೆ ಬಿಡುವಾಗಿದ್ದು ಜನವರಿಯಲ್ಲೇ. ಕ್ರಿಸ್ಮಸ್‌ನ ಮಕ್ಕಳ ನಾಟಕವೊಂದರಲ್ಲಿ ಇಬ್ಬರು ಒಳಹೊಕ್ಕು ಆಡುವ ಹಸುವಿನ ಹಿಂಭಾಗದ ಪಾತ್ರ, ದಿನಕ್ಕೆರಡು ಶೋ. ಅಷ್ಟರಲ್ಲಿ ಡಾಕ್ಟರಿಗೆ ಎರಡನೇ ಸ್ಟ್ರೋಕ್ ಆಗಿತ್ತು. ಆದರೂ ಬಂದಳು. ಕೇರ್ ಹೋಮಿನ ಕೋಣೆಯಲ್ಲಿ, ನಾನೂ ಅವರೂ ಇಬ್ಬರೇ ಪ್ರೇಕ್ಷಕರು. ಎಲ್ಲೂ ತಡವರಿಸದೆ ಇಪ್ಪತ್ತು ನಿಮಿಷವೂ ಆಡಿದಳು. ನನ್ನ ಕಣ್ಣು ತುಂಬಿ ಬಂತು.

ಡಾಕ್ಟರು ಮುಖ ಅರಳಿಸಿಕೊಂಡು, ಸ್ವಾಧೀನವಿದ್ದ ಒಂದು ಕೈಯನ್ನೇ ತೊಡೆಗೆ ಬಡಿದು ಚಪ್ಪಾಳೆ ಹೊಡೆದರು.

"ಭಾಳ ಚೆನ್ನಾಗಿ ಮಾತಾಡ್ತೀಯಮ್ಮಾ. ಯಾವೂರು ನಿಂದು?"

ಆಶ್ರಿತಾ ನನ್ನ ಕಡೆ ನೋಡಿದಳು.

"ನಂಗೂ ಒಬ್ಳು ಮಗಳಿದಾಳೆ," ಎಂದರು ಡಾಕ್ಟರು. "ಪಾಪ, ಅವಳಿಗೆ ಕನ್ನಡ ಬರಲ್ಲ. ಏನೋ ಹೇಳೋಕೆ ಬರ್ತಾಳೆ, ನಂಗೆ ತಿಳಿಯಲ್ಲ, ಹಂಗೇ ಹೋಗ್ಬಿಡ್ತಾಳೆ. ಈ ಸಲ ಬಂದ್ರೆ ಅವಳಿಗೊಂದು ನಾಕು ಮಾತು ಕಲಿಸ್ಕೊಡ್ತೀಯಾ?"

ಅವಳು ಕುರ್ಚಿಯ ಪಕ್ಕ ಮಂಡಿಯೂರಿ ಅವರ ಕೈ ಹಿಡಿದುಕೊಂಡಳು.

"ಕಲಿಸ್ತೀನಿ, ಸರ್," ಎಂದಳು.