ಸಗಡಿಯ ಮುಂದೆ ಎರಡು ಕೂಗು

ವಡೋದರದ ಗೋರ್ವಾದಲ್ಲಿ ಸಾವಿತ್ರಿ ಅಂದರೆ ಯಾರಿಗೂ ತಿಳಿಯದು. ‘ಸಗಡಿವಾಲಿ ಮಾಸಿ’ ಅನ್ನಿ, ಮನೆ ಬಾಗಿಲಿಗೇ ತಂದು ಬಿಡುತ್ತಾರೆ. ಗದಗಿನ ಹೆಣ್ಣು. ಗಂಡ ಸಿದ್ದಲಿಂಗಪ್ಪನಿಗೆ ವಿಮಾ ಕಚೇರಿಯಲ್ಲಿ ವರ್ಗವಾಗಿ ಇಲ್ಲಿಗೆ ಬಂದು ಹದಿನೆಂಟು ವರ್ಷ. ಚಳಿಗಾಲ ಬಂತೋ, ಕತ್ತಲಾದ ಮೇಲೆ ಅಂಗಳದಲ್ಲಿ ಸಗಡಿ, ಅಂದರೆ ಕಬ್ಬಿಣದ ಇದ್ದಿಲೊಲೆ, ಹೊತ್ತಿಸಿ ಬದನೆಕಾಯಿ ಸುಡಲೇಬೇಕು. ‘ಗ್ಯಾಸಿನ ಮೇಲೆ ಸುಟ್ಟದ್ದೂ ಒಂದು ಬದನೆಕಾಯಿಯೇ?’ ಅನ್ನುವವಳು.

ಗಂಡುಬೀರಿ. ಆದರೆ ಒಂದಕ್ಕೆ ಮಾತ್ರ ಹೆದರುತ್ತಿದ್ದಳು. ಕತ್ತಲಲ್ಲಿ ಹೆಸರು ಹಿಡಿದು ಕರೆದರೆ ಮೊದಲ ಕೂಗಿಗೆ ಓ ಅನ್ನಬಾರದು, ಎರಡನೆಯದಕ್ಕೂ ಅನ್ನಬಾರದು. ಮೂರನೇ ಸಲ ಕರೆದರೆ ಮನುಷ್ಯ; ಇಲ್ಲವಾದರೆ ಅದು ಬೇರೆ. ಅವಳ ಸೋದರಮಾವ ದೊಡ್ಡಣ್ಣ ಮೊದಲ ಕೂಗಿಗೇ ಓ ಅಂದು ಎದ್ದು ಹೋದವನು ಬೆಳಗ್ಗೆ ಬಾವಿಯಲ್ಲಿ ಸಿಕ್ಕಿದ್ದ. ನಗಬೇಡಿ, ಕಂಡವರಿಗೆ ಗೊತ್ತು.

ಕಳೆದ ಜನವರಿಯ ಮಾತು. ಸಿದ್ದಲಿಂಗಪ್ಪ ಕಚೇರಿ ಕೆಲಸಕ್ಕೆ ಅಹಮದಾಬಾದಿಗೆ ಹೋಗಿದ್ದ, ರಾತ್ರಿ ಹತ್ತಕ್ಕೆ ಬರುವವನು. ಎದೆ ಒಮ್ಮೆ ಕೈಕೊಟ್ಟಿದ್ದ ಮನುಷ್ಯ, ಬಂದ ತಕ್ಷಣ ಉಣ್ಣಲಿ ಅಂತ ಇವಳು ಎಂಟಕ್ಕೇ ಸಗಡಿ ಹೂಡಿದಳು. ತೆಂಗಿನ ನಾರು, ಒಂದು ಕರ್ಪೂರ, ಮೇಲೆ ಇದ್ದಿಲು. ಮೊರದಿಂದ ಬೀಸಿದಳು. ಬೀದಿದೀಪ ಕೆಟ್ಟು ವಾರವಾಗಿತ್ತು. ಕೆಂಡದ ಬೆಳಕಿನಲ್ಲಿ ಅವಳ ಕೈಗಳಷ್ಟೇ ಕಾಣುತ್ತಿದ್ದವು.

“ಸಾವಿತ್ರೀ…”

ಹಿತ್ತಲ ಕಡೆಯಿಂದ. ಮೊರ ನಿಂತಿತು. ಗಂಡನದೇ ದನಿ! ಆದರೆ ಮೂವತ್ತು ವರ್ಷದ ಸಂಸಾರದಲ್ಲಿ ಅವನು ಒಂದು ದಿನವಾದರೂ ಹೆಸರು ಹಿಡಿದು ಕರೆದದ್ದುಂಟೇ? ‘ಏ, ಕೇಳಿಲ್ಲೇ’ ಅಂದರೆ ಮುಗಿಯಿತು.

“ಯವ್ವಾ, ಅವರ ದನೀನ ತೊಟ್ಕೊಂಡ ಬಂದೈತಿ,” ಅಂತ ಸೆರಗನ್ನು ಬಾಯಿಗೆ ಒತ್ತಿಕೊಂಡಳು.

“ಸಾವಿತ್ರೀ…”

ಈ ಸಲ ಸಣ್ಣಗೆ, ನೆಲದ ಹತ್ತಿರದಿಂದ. ಬದನೆಕಾಯಿಯ ಸಿಪ್ಪೆ ಸೀಳಿ ರಸ ಕೆಂಡಕ್ಕೆ ಬಿದ್ದು ಚುಂಯ್ ಅಂದಿತು. ಕೂತಲ್ಲೇ ಮೂರನೆಯದಕ್ಕೆ ಕಾದಳು. ಬರಲಿಲ್ಲ. ‘ಬದುಕಿದೆ ಬಡಜೀವ’ ಅಂದುಕೊಂಡು ಕಾಯಿ ತಿರುವಿ ಹಾಕಿದಳು.

ಅರ್ಧ ಗಂಟೆಯ ಮೇಲೆ, ಗಾಡಿ ಎಲ್ಲಿಗೆ ಬಂತೆಂದು ಕೇಳಲು ಗಂಡನಿಗೆ ಫೋನು ಮಾಡಿದಳು. ಅದು ಹಿತ್ತಲಲ್ಲಿ ರಿಂಗಾಯಿತು.

ಕೆಲಸ ಬೇಗ ಮುಗಿದು ಮೊದಲಿನ ಗಾಡಿಗೇ ಬಂದಿದ್ದ. ಹಿಂದಿನ ಗೇಟಿನ ಒಳಗೆ, ಎದೆಯ ಮೇಲೆ ಕೈಯಿಟ್ಟುಕೊಂಡು ಬಿದ್ದಿದ್ದ.

ಆಸ್ಪತ್ರೆಯಲ್ಲಿ ನಾಡಿ ನೋಡಿದ ಡಾಕ್ಟರು, “ಆವಾಜ್ ನಹೀಂ ದೀ ಥೀ ಕ್ಯಾ, ಮಾಸಿ?” ಅಂದರು, ಅವನು ಕೂಗಲೇ ಇಲ್ಲವೇ ಅಂತ.

“ದೋ ಬಾರ್,” ಅಂದಳು.

ಎರಡು ಸಲ ಕರೆದರೂ ಯಾಕೆ ಹೋಗಲಿಲ್ಲ ಅನ್ನುವುದನ್ನು ಹೇಳಲು ಅವಳ ಹಿಂದಿ ಸಾಲಲಿಲ್ಲ. ಕನ್ನಡವೂ ಸಾಲುತ್ತಿರಲಿಲ್ಲ. ಅವರು ಹೋದ ಮೇಲೆ, ಮುಖದ ಮೇಲಿನ ಬಿಳಿ ಬಟ್ಟೆ ಸರಿಸಿ ಅವನ ಕಿವಿಗೆ ಬಾಗಿದಳು.

“ಇನ್ನೊಮ್ಮಿ ಹೆಸರ ಹಿಡದ ಕರೀರಿ. ಒಂದ ಸಲಾ ಸಾಕು. ಓ ಅಂತೇನ್ರಿ.”