ಇನ್ನೂರ ಹತ್ತನೇ ಮೀಟರ್‌ನ ಬಿಸಿ

ದೆವ್ವ ಕಂಡೆ, ಬೆನ್ನ ಹಿಂದೆ ಯಾರೋ ನಿಂತಿದ್ದರು ಎನ್ನುವವರನ್ನು ಕಂಡರೆ ನನಗೆ ಮೊದಲಿನಿಂದಲೂ ಅಷ್ಟಕ್ಕಷ್ಟೆ. ಅಂಥ ಕಥೆ ಶುರುವಾದರೆ ನಾನು ಕೇಳುತ್ತಿದ್ದ ಮೊದಲ ಪ್ರಶ್ನೆ, "ಅಳತೆ ಮಾಡಿದ್ರಾ?" ಅಲ್ಲಿಗೆ ಮಾತು ನಿಲ್ಲುತ್ತಿತ್ತು, ಕೆಲವು ಸಲ ಸ್ನೇಹವೂ. ಈಗ ಬರೆಯುತ್ತಿರುವುದು ನಾನೇ ಅಳತೆ ಮಾಡಿದ ಸಂಗತಿ. ಆದ್ದರಿಂದ ಯಾರ ತಲೆಗೂ ಕಟ್ಟಿ ತಪ್ಪಿಸಿಕೊಳ್ಳುವ ಹಾಗಿಲ್ಲ.

ನಮ್ಮ ತಂದೆ ಸರ್ಕಾರಿ ಕಾರ್ಖಾನೆಯೊಂದರಲ್ಲಿ ಮೀಟರು, ಗೇಜುಗಳು ಸರಿಯಾಗಿ ಓದುತ್ತಿವೆಯೇ ಎಂದು ಪರೀಕ್ಷಿಸುವ ಕೆಲಸದಲ್ಲಿದ್ದರು. ಮನೆಯ ಗಡಿಯಾರ ಅರ್ಧ ನಿಮಿಷ ಹಿಂದೆ ಬಿದ್ದರೂ ಅವರಿಗೆ ಊಟ ಸೇರುತ್ತಿರಲಿಲ್ಲ. "ಮೀಟರ್ ಸುಳ್ಳು ಹೇಳಲ್ಲ ಕಣೋ, ಬರ್ಕೊಳ್ಳೋನು ಹೇಳ್ತಾನೆ" ಎಂದು ನನಗೆ ಎಷ್ಟು ಸಲ ಹೇಳಿದ್ದರೋ. ನಾನೂ ಅದೇ ಕೆಲಸ ಹಿಡಿದೆ, ಪೀಣ್ಯದಲ್ಲಿ ಏಳೇ ಜನರಿದ್ದ ಒಂದು ಸಣ್ಣ ಕಂಪನಿಯಲ್ಲಿ. ಮನೆ ನಾಗಸಂದ್ರದಲ್ಲಿ. ಮದುವೆಯಾಗಲಿಲ್ಲ. ಅಪ್ಪ ಹೋದ ಮೇಲೆ ಅಮ್ಮ ಹಾಸಿಗೆ ಹಿಡಿದಳು. ಆಕೆಯನ್ನು ನೋಡಿಕೊಳ್ಳುವುದರಲ್ಲಿ ಹನ್ನೊಂದು ವರ್ಷ ಕಳೆಯಿತು. ನಾನು ಹೇಳುತ್ತಿರುವ ವರ್ಷದ ಬೇಸಿಗೆಯಲ್ಲಿ ಆಕೆಯೂ ಹೋದಳು. ಅಂದಿನಿಂದ ಭಾನುವಾರ ಬಂತೆಂದರೆ ನನಗೆ ಎದೆ ಭಾರ. ಹಾಲಿನವನನ್ನು ಬಿಟ್ಟರೆ ಬಾಗಿಲು ತಟ್ಟುವವರಿಲ್ಲ. ಮಧ್ಯಾಹ್ನದ ಹೊತ್ತಿಗೆ, ದನಿ ಇದೆಯೋ ಇಲ್ಲವೋ ನೋಡೋಣವೆಂದು ಸುಮ್ಮನೆ ಒಮ್ಮೆ ಕೆಮ್ಮುತ್ತಿದ್ದೆ.

ಆಗ ನಮ್ಮ ಕಂಪನಿಗೆ ದೊಡ್ಡ ಕೆಲಸವೊಂದು ಸಿಕ್ಕಿತ್ತು. ಹಿಮಾಲಯದ ಕಡೆ, ಬಿಸಿನೀರಿನ ಬುಗ್ಗೆಗಳಿರುವ ಒಂದು ಕಣಿವೆಯಲ್ಲಿ ಭೂಮಿಯ ಒಳಗಿನ ಶಾಖದಿಂದ ವಿದ್ಯುತ್ ತಯಾರಿಸುವ ಪ್ರಯತ್ನ ನಡೆದಿತ್ತು. ವಿಷಯ ಸರಳ. ಆಳದಲ್ಲಿ ಕುದಿಯುವ ನೀರಿದ್ದರೆ ಕೊಳವೆ ಇಳಿಸಿ ಅದನ್ನು ಮೇಲಕ್ಕೆ ತರುತ್ತಾರೆ, ಅದರ ಹಬೆ ಟರ್ಬೈನ್ ತಿರುಗಿಸುತ್ತದೆ, ಕರೆಂಟ್ ಹುಟ್ಟುತ್ತದೆ. ಕಲ್ಲಿದ್ದಲು ಬೇಡ, ಹೊಗೆಯಿಲ್ಲ. ಆದರೆ ಎಷ್ಟು ಆಳದಲ್ಲಿ ಎಷ್ಟು ಬಿಸಿ ಎಂಬುದು ಮೊದಲು ಗೊತ್ತಾಗಬೇಕಲ್ಲ? ಅದನ್ನು ಅಳೆಯುವ ಪ್ರೋಬ್ ನಾವು ಮಾಡಿದ್ದೆವು: ಹೆಬ್ಬೆರಳಿನಷ್ಟು ದಪ್ಪದ ಉಕ್ಕಿನ ಕಡ್ಡಿ, ಅದರ ಹಿಂದೆ ಡ್ರಮ್ಮಿಗೆ ಸುತ್ತಿದ ಉದ್ದನೆಯ ಕೇಬಲ್, ಕೊನೆಯಲ್ಲಿ ಅಂಕಿ ತೋರಿಸುವ ಒಂದು ಡಬ್ಬಿ. ಕಾದ ಎಣ್ಣೆಯಲ್ಲಿ ಅದ್ದಿ ಪರೀಕ್ಷಿಸಿದ್ದಾಗಿತ್ತು. ಇನ್ನೊಂದೇ ಪರೀಕ್ಷೆ ಬಾಕಿ. ಬಿಸಿ ಇಲ್ಲದ ಕಡೆ ಇಳಿಸಿದಾಗ ಅದು ಬಿಸಿ ಇಲ್ಲ ಎಂದೇ ಹೇಳಬೇಕು. ಬೆಂಗಳೂರಿನ ಕೆಳಗಿರುವುದು ತಣ್ಣನೆಯ ಗಟ್ಟಿ ಬಂಡೆ. ಹತ್ತು ಮೀಟರ್ ಇಳಿದರೆ ಪಾಯಿಂಟ್ ಒಂದು ಡಿಗ್ರಿ ಏರಿದರೆ ಹೆಚ್ಚು.

ಜಿಗಣಿಯಲ್ಲಿ ಮುಚ್ಚಿಹೋದ ಒಂದು ಗ್ರಾನೈಟ್ ಪಾಲಿಶ್ ಮಾಡುವ ಯಾರ್ಡಿತ್ತು. ಅದರ ಹಿಂಬದಿಯಲ್ಲಿ ಎಂಟುನೂರು ಅಡಿಯ ಕೊಳವೆಬಾವಿ, ನೀರು ಬತ್ತಿ ವರ್ಷಗಳಾಗಿದ್ದವು. ನಮ್ಮ ಮಾಲೀಕ ಶ್ರೀಧರ ಯಾರನ್ನೋ ಹಿಡಿದು ಒಂದು ದಿನದ ಮಟ್ಟಿಗೆ ಅನುಮತಿ ತಂದ. ಡಿಸೆಂಬರಿನ ಒಂದು ಭಾನುವಾರ. ಬೇರೆಯವರಿಗೆ ಮನೆ ಮಠ ಇತ್ತು, ನಾನೇ ಹೋಗುತ್ತೇನೆಂದೆ. ಲಗೇಜ್ ಆಟೋದವನು ಡ್ರಮ್ಮನ್ನು ಇಳಿಸಿಕೊಟ್ಟು ಹೊರಟುಹೋದ.

ಯಾರ್ಡ್ ಕಾಯುತ್ತಿದ್ದವರು ನಿಂಗಮ್ಮ, ಕೊಪ್ಪಳದ ಕಡೆಯ ಹೆಂಗಸು. ತಗಡಿನ ಶೆಡ್ಡಿನಲ್ಲಿ ಒಬ್ಬರೇ ಇದ್ದರು, ಜೊತೆಗೆ ಒಂದು ಕಂದು ನಾಯಿ. ಬಾವಿಯ ಬಾಯಿಗೆ ಮುರಿದ ಗ್ರಾನೈಟ್ ಚಪ್ಪಡಿ ಮುಚ್ಚಿತ್ತು, ನಾಯಿ ಅದರ ಮೇಲೆ ಮುದುಡಿ ಮಲಗಿತ್ತು. ಓಡಿಸಿದರೂ ಮತ್ತೆ ಬಂತು.

"ಥಂಡಿ ದಿನದಾಗ ಅದು ಅಲ್ಲೇ ಮಲಗತೈತ್ರಿ ಸಾಹೇಬ್ರ. ಕಲ್ಲು ಬೆಚ್ಚಗಿರತೈತಿ" ಎಂದರು ನಿಂಗಮ್ಮ. ಬಿಸಿಲಿಗೆ ಕಲ್ಲು ಕಾಯುವುದರಲ್ಲಿ ವಿಶೇಷವೇನು? ಇಬ್ಬರೂ ಸೇರಿ ಹಾರೆ ಹಾಕಿ ಚಪ್ಪಡಿ ಸರಿಸಿದೆವು. ಆ ಜಾಗಕ್ಕೆ ಪಕ್ಕದ ಶೆಡ್ಡಿನ ನೆರಳು ದಿನವಿಡೀ ಬೀಳುತ್ತದೆಂದು ನಾನು ಗಮನಿಸಿದ್ದು ಎಷ್ಟೋ ಹೊತ್ತಿನ ಮೇಲೆ.

ಹತ್ತು ಮೀಟರಿಗೊಮ್ಮೆ ನಿಲ್ಲಿಸುವುದು, ಐದು ನಿಮಿಷ ಕಾಯುವುದು, ಬರೆದುಕೊಳ್ಳುವುದು. ಹತ್ತರಲ್ಲಿ 25.2. ನೂರರಲ್ಲಿ 26.1. ಇನ್ನೂರರಲ್ಲಿ 27.1. ಇಷ್ಟು ನೀಟಾದ ಅಂಕಿಗಳನ್ನು ನೋಡಿ ನನಗೆ ಅಪ್ಪನ ನೆನಪಾಗಿ ಖುಷಿಯೂ ಆಯಿತು. ಇನ್ನೂರ ಹತ್ತಕ್ಕೆ ಇಳಿಸಿದೆ. 36.9.

ಕನೆಕ್ಷನ್ ಬಿಚ್ಚಿ ಒರೆಸಿ ಮತ್ತೆ ಹಾಕಿದೆ. 36.9. ಇನ್ನೂರ ಇಪ್ಪತ್ತಕ್ಕೆ ಇಳಿಸಿದೆ, ಅಲ್ಲಿ 27.3, ಲಕ್ಷಣವಾಗಿ. ಮತ್ತೆ ಇನ್ನೂರ ಹತ್ತಕ್ಕೆ ಎಳೆದೆ, 36.9. ಒಂದೊಂದೇ ಗೇಣು ಮೇಲೆ ಕೆಳಗೆ ಮಾಡಿ ನೋಡಿದಾಗ ಆ ಬಿಸಿ ಇದ್ದದ್ದು ಸುಮಾರು ಮೂರು ಅಡಿ ಉದ್ದಕ್ಕೆ ಮಾತ್ರ. ಅದರ ಮೇಲೆಯೂ ತಣ್ಣನೆಯ ಬಂಡೆ, ಕೆಳಗೆಯೂ ತಣ್ಣನೆಯ ಬಂಡೆ. ಅಂಕಿ ಎಲ್ಲೋ ನೋಡಿದ ಹಾಗಿತ್ತು. ಡಿಗ್ರಿಯನ್ನು ಫ್ಯಾರನ್‌ಹೀಟಿಗೆ ತಿರುಗಿಸಿದೆ. ತೊಂಬತ್ತೆಂಟು ಪಾಯಿಂಟ್ ನಾಲ್ಕು. ಅಮ್ಮನ ಕಂಕುಳಲ್ಲಿ ಥರ್ಮಾಮೀಟರ್ ಇಟ್ಟು ಹನ್ನೊಂದು ವರ್ಷ ನಾನು ನೋಡಿದ ಅಂಕಿ ಅದು. ಜ್ವರವಿಲ್ಲದ ದಿನದ ಅಂಕಿ.

ಕೊಳವೆಬಾವಿ, ಮೂರು ಅಡಿ, ಮೈಬಿಸಿ. ನಿಮಗೆ ಏನು ಹೊಳೆಯಿತೋ ನನಗೂ ಅದೇ ಹೊಳೆಯಿತು. ನಿಂಗಮ್ಮನನ್ನು ಕೂಗಿ, ಇಲ್ಲಿ ಯಾವುದಾದರೂ ಮಗು ಕಾಣೆಯಾಗಿದೆಯೇ ಎಂದು ಕೇಳಿದೆ.

"ಅಯ್ಯ, ಬಿಡ್ತು ಅನ್ರೀ! ನಾ ಬಂದು ಆರು ವರ್ಸಾತು. ಆ ಕಲ್ಲ ಇವತ್ತೇ ತೆಗದದ್ದು" ಎಂದರು. ಆಮೇಲೆ ಬಾವಿಯೊಳಗೆ ಬಗ್ಗಿ ನೋಡಿ, "ನೀರ ಐತೇನ್ರೀ?"

"ಇಲ್ಲ."

"ಮತ್ತ ಏನೈತ್ರಿ?"

"ಏನೂ ಇಲ್ಲ, ನಿಂಗಮ್ಮ" ಎಂದೆ. ಅವತ್ತಿನ ಮೊದಲ ಸುಳ್ಳು. ಅವರು ಟೀ ಕಾಸಲು ಹೋದರು.

ಪೂರ್ತಿ ಸುಳ್ಳೂ ಅಲ್ಲ. ಬಾವಿಯ ಬಾಯಿ ಒಂದು ಗೇಣು ಅಗಲ. ಅಲ್ಲಿ ಏನಾದರೂ ಸಿಕ್ಕಿಕೊಂಡಿದ್ದರೆ ಪ್ರೋಬ್ ತಡೆದು ನಿಲ್ಲಬೇಕಿತ್ತು. ಅದು ಎಲ್ಲೂ ತಡೆಯದೆ ಸರಾಗವಾಗಿ ಇಳಿದಿತ್ತು. ಹಾಗೆ ಸಮಾಧಾನ ಮಾಡಿಕೊಂಡು, ಮತ್ತೊಮ್ಮೆ ನೋಡೋಣವೆಂದು ಕೇಬಲನ್ನು ನೂರೈವತ್ತಕ್ಕೆ ಎಳೆದು ನಿಲ್ಲಿಸಿದೆ. 26.6. ಇರಬೇಕಾದ್ದೇ. ತಂದಿದ್ದ ಚಿತ್ರಾನ್ನದ ಡಬ್ಬಿ ಬಿಚ್ಚಿದೆ. ಇಪ್ಪತ್ತು ನಿಮಿಷವಾಗಿರಬಹುದು, ಅಂಕಿ ಮೆಲ್ಲಗೆ ಏರಲು ಶುರುವಾಯಿತು. ಮೂವತ್ತು, ಮೂವತ್ತನಾಲ್ಕು, 36.9. ಅಲ್ಲಿಗೆ ನಿಂತಿತು.

ಪ್ರೋಬನ್ನು ನೂರಕ್ಕೆ ಎಳೆದೆ. ಮೊದಲು ತಣ್ಣಗೆ, ಹದಿನೈದು ನಿಮಿಷದ ಮೇಲೆ 36.9. ಅರವತ್ತಕ್ಕೆ ಎಳೆದೆ. ಈ ಸಲ ಎಂಟೇ ನಿಮಿಷ.

ಅಷ್ಟರಲ್ಲಿ ಶ್ರೀಧರನ ಫೋನು. "ಏನ್ ಗುರು, ಆಯ್ತಾ? ನಾಳೆ ಬೆಳಿಗ್ಗೆ ಪ್ಯಾಕ್ ಮಾಡಿ ಕಳಿಸ್ಲೇಬೇಕು ಕಣೋ. ಇದೊಂದು ತಪ್ಪಿದ್ರೆ ಶಟರ್ ಎಳ್ಕೊಂಡು ಮನೆಗೆ ಹೋಗ್ಬೇಕಾಗತ್ತೆ, ನಾವೇಳು ಜನಾನೂ. ರೀಡಿಂಗ್ ಎಲ್ಲಾ ಸರಿ ಬರ್ತಿದ್ಯಾ?"

"ಬರ್ತಿದೆ" ಎಂದೆ.

ಫೋನಿಟ್ಟು ಮೂವತ್ತಕ್ಕೆ ಎಳೆದೆ. ಗಡಿಯಾರ ನೋಡಲಿಲ್ಲ, ನೋಡುವಷ್ಟು ಹೊತ್ತೂ ಆಗಲಿಲ್ಲ. ಅಂಕಿ 36.9ಕ್ಕೆ ಬಂದು ನಿಂತಿತು. ಬಾವಿಯಿಂದ ಸದ್ದಿಲ್ಲ, ವಾಸನೆಯಿಲ್ಲ, ಕೇಬಲ್ ಒಂದಿಷ್ಟೂ ಅಲುಗಲಿಲ್ಲ. ನಾಯಿ ಎದ್ದು ಬಂದು ಬಾವಿಯ ಅಂಚಿನಲ್ಲಿ ಕೂತು ಬಾಲ ಅಲ್ಲಾಡಿಸುತ್ತಿತ್ತು, ಪರಿಚಯದವರು ಗೇಟು ತೆಗೆದಾಗ ಮಾಡುವ ಹಾಗೆ.

ನನಗೆ ಬಂದದ್ದು ಶುದ್ಧ ಭಯ. ಸಿಕ್ಕಾಪಟ್ಟೆ ಡ್ರಮ್ ತಿರುಗಿಸಿ ಪ್ರೋಬನ್ನು ಹೊರಗೆಳೆದುಕೊಂಡೆ. ಕೈಗೆ ಬಂದಾಗ ಉಕ್ಕು ತಣ್ಣಗಿತ್ತು. ಟೀ ಲೋಟ ಹಿಡಿದು ಬಂದ ನಿಂಗಮ್ಮನಿಗೆ, "ಬೇಗ, ಕಲ್ಲು ಮುಚ್ಚೋಣ" ಎಂದೆ. ನನ್ನ ಮುಖ ನೋಡಿ ಅವರು ಲೋಟ ಕೆಳಗಿಟ್ಟು ಕೈ ಹಾಕಿದರು. ಚಪ್ಪಡಿ ಕೂತ ಮೇಲೆ ನಾಯಿ ಅದರ ಮೇಲೆ ಹತ್ತಿ, ಎರಡು ಸುತ್ತು ತಿರುಗಿ, ಮುದುಡಿ ಮಲಗಿತು. ನಿಂಗಮ್ಮ ಅದರ ಪಕ್ಕ ಕಲ್ಲಿನ ಮೇಲೆ ಅಂಗೈ ಇಟ್ಟು, "ನೋಡ್ರಿ, ಬೆಚ್ಚಗೈತಿ" ಎಂದರು. ನಾನು ಮುಟ್ಟಲಿಲ್ಲ.

ಅಂದು ಸಂಜೆ ಮನೆಯಲ್ಲಿ ಕೂತು ವರದಿ ಬರೆದೆ. ಇನ್ನೂರ ಹತ್ತು ಮೀಟರ್ ಎಂಬ ಸಾಲಿನ ಮುಂದೆ, ಮೇಲಿನ ಮತ್ತು ಕೆಳಗಿನ ಅಂಕಿಗಳ ನಡುವೆ ಹೊಂದುವಂತೆ, 27.2 ಎಂದು ಬರೆದು ಸಹಿ ಹಾಕಿದೆ. ಇಪ್ಪತ್ತೆರಡು ವರ್ಷದ ನೌಕರಿಯಲ್ಲಿ ನಾನು ಓದದೆ ಬರೆದ ಅಂಕಿ ಅದೊಂದೇ. ಸರಕು ಮಾರನೆಯ ದಿನ ಹೋಯಿತು. ಏಳು ಜನರ ಅನ್ನ ಉಳಿಯಿತು. ಪ್ರೋಬ್ ಕೆಟ್ಟಿರಬೇಕು, ಇವತ್ತಲ್ಲ ನಾಳೆ ಆ ಕಣಿವೆಯಿಂದ ದೂರು ಬರುತ್ತದೆ ಎಂದು ತಿಂಗಳುಗಟ್ಟಲೆ ಕಾದೆ. ನಿಜ ಹೇಳುತ್ತೇನೆ, ಬರಲಿ ಎಂದು ಹಾರೈಸಿದೆ. ಬರಲಿಲ್ಲ. ಅಲ್ಲಿಯವರು ಬೇರೆ ಉಪಕರಣದ ಜೊತೆ ಹೋಲಿಸಿ ನೋಡಿ, ಕೂದಲೆಳೆಯ ವ್ಯತ್ಯಾಸವಿಲ್ಲ ಎಂದು ಹೊಗಳಿ ಬರೆದರು. ಇನ್ನೂ ನಾಲ್ಕು ಬೇಕೆಂದರು. ಶ್ರೀಧರ ಸಿಹಿ ಹಂಚಿದ. ನನ್ನ ಪಾಲಿನದ್ದನ್ನು ಚೀಲದಲ್ಲಿಟ್ಟುಕೊಂಡು ಮನೆಗೆ ಬಂದೆ.

ಎರಡು ವರ್ಷದ ಮೇಲೆ ಧೈರ್ಯ ಮಾಡಿ ಜಿಗಣಿಗೆ ಹೋದೆ. ಯಾರ್ಡ್ ಇರಲಿಲ್ಲ. ನೆಲ ಸಮ ಮಾಡಿ, ಕಾಂಕ್ರೀಟ್ ಹಾಕಿ, ದೊಡ್ಡ ಗೋದಾಮು ಕಟ್ಟಿದ್ದರು. ನಿಂಗಮ್ಮ ಎಲ್ಲಿ ಹೋದರೆಂದು ಯಾರಿಗೂ ಗೊತ್ತಿರಲಿಲ್ಲ. ಒಳಗೆ ಬಿಡಿ ಎಂದರೆ ಸೆಕ್ಯೂರಿಟಿಯವನು, "ಯಾರನ್ನ ನೋಡ್ಬೇಕಿತ್ತು ಸಾರ್?" ಎಂದ. ನಾನು ಗೇಟಿನಿಂದಲೇ ಹಿಂದಿರುಗಿದೆ.

ಅದು ಏನೆಂದು ನನಗೆ ಇವತ್ತಿಗೂ ಗೊತ್ತಿಲ್ಲ. ಮಗುವಲ್ಲ, ಪ್ರಾಣಿಯಲ್ಲ, ಬಂಡೆಯ ಬಿಸಿಯಂತೂ ಅಲ್ಲವೇ ಅಲ್ಲ. ಬಂಡೆಯ ಬಿಸಿ ಎದ್ದು ಬರುವುದಿಲ್ಲ. ಭಯವೆಲ್ಲ ಯಾವಾಗಲೋ ಹೋಯಿತು. ಉಳಿದಿರುವುದು ಬೇರೆ. ಭಾನುವಾರ ಮಧ್ಯಾಹ್ನ ಮೆಟ್ಟಿಲಲ್ಲಿ ಹೆಜ್ಜೆ ಸದ್ದಾದರೆ ನಾನು ಈಗಲೂ ಎದ್ದು ಬಾಗಿಲ ಹತ್ತಿರ ಹೋಗುತ್ತೇನೆ. ಸದ್ದು ಮೇಲಿನ ಮನೆಗೆ ಹೋಗುತ್ತದೆ. ಆಗೆಲ್ಲ ಆ ಅಂಕಿ ನೆನಪಾಗುತ್ತದೆ. ಎಷ್ಟು ಕಾಲವಾಗಿತ್ತೋ ಅಲ್ಲಿ, ಒಂದು ತಂತಿ ಇಳಿದು ಬಂದದ್ದಕ್ಕೆ ಅಷ್ಟು ಆಳದಿಂದ ಅದರ ಹಿಂದೆಯೇ ಬಂತು. ಮೇಲೆ ಬರಲು ಇನ್ನು ಮೂವತ್ತು ಮೀಟರ್ ಉಳಿದಿತ್ತು. ಕಲ್ಲು ಮುಚ್ಚಿದವನು ನಾನು.